ಸೈಪ್ರಸ್‌ನ ಹಸಿರು ಗೆರೆ ದಾಟಿ ಒಂದು ದಿನ: ನಿಕೊಸಿಯಾ, ಸಲಾಮಿಸ್, ಫಮಗುಸ್ತಾ

ಸೈಪ್ರಸ್‌ನಲ್ಲಿ ಗ್ರೀಕರ ದಕ್ಷಿಣ, ತುರ್ಕರ ಉತ್ತರ ಎಂದು ದ್ವೀಪವನ್ನು ಸೀಳಿರುವ ಹಸಿರು ಗೆರೆಯಾಚೆ ಒಂದೇ ದಿನದಲ್ಲಿ ಹೋಗಿಬರಲು ಹೊರಟವರು ಮಾಡುವ ಮೊದಲ ತಪ್ಪು ಮ್ಯಾಪ್ ನೋಡಿ ಲೆಕ್ಕ ಹಾಕುವುದು. ರಾಜಧಾನಿ ನಿಕೊಸಿಯಾದಿಂದ ಕಿರೇನಿಯಾಗೆ ಸುಮಾರು 25 ಕಿ.ಮೀ., ಫಮಗುಸ್ತಾಗೆ ಸುಮಾರು 60 ಕಿ.ಮೀ. ಬೆಂಗಳೂರಿನ ಟ್ರಾಫಿಕ್ಕಿನಲ್ಲಿ ಪಳಗಿದವರಿಗೆ ಇದೊಂದು ದೂರವೇ ಅನಿಸುವುದಿಲ್ಲ. ಎರಡೂ ಊರು, ಮೇಲೊಂದು ಬೆಟ್ಟದ ಕೋಟೆ, ಒಂದು ಮಠ ಎಂದು ಪಟ್ಟಿ ಬೆಳೆಯುತ್ತದೆ. ಆದರೆ ಇಲ್ಲಿ ಹೊತ್ತು ನುಂಗುವುದು ರಸ್ತೆಯಲ್ಲ, ಚೆಕ್‌ಪೋಸ್ಟ್. ಆದ್ದರಿಂದ ಒಂದು ದಿನಕ್ಕೆ ಒಂದೇ ದಿಕ್ಕು. ಉತ್ತರದ ಕಿರೇನಿಯಾ ಆರಿಸಿಕೊಂಡರೆ ಕೋಟೆಯೊಳಗೆ ಕ್ರಿ.ಪೂ. 4ನೇ ಶತಮಾನದ ವ್ಯಾಪಾರಿ ಹಡಗಿದೆ. ಸಮುದ್ರದ ತಳದಿಂದ ಅದನ್ನು ಎತ್ತಿದಾಗ ಸುಮಾರು 400 ಮಣ್ಣಿನ ಹೂಜಿಗಳ ಜೊತೆ ಸಾವಿರಗಟ್ಟಲೆ ಬಾದಾಮಿಯೂ ಸಿಕ್ಕಿತ್ತು. ಈ ಬರಹ ಪೂರ್ವದ ದಾರಿಯದು: ನಿಕೊಸಿಯಾ, ಪ್ರಾಚೀನ ಪಾಳುನಗರ ಸಲಾಮಿಸ್, ಕೋಟೆಯೂರು ಫಮಗುಸ್ತಾ. ಇತಿಹಾಸಕ್ಕಾಗಿಯೇ ಹೋಗುವವರಿಗೆ ನಮ್ಮ ಮತ ಇದಕ್ಕೇ.

ಗೆರೆಯ ಕಥೆ ಚುಟುಕಾಗಿ: 1963ರ ಡಿಸೆಂಬರ್‌ನಲ್ಲಿ ಗ್ರೀಕ್ ಮತ್ತು ತುರ್ಕಿ ಸೈಪ್ರಿಯಾಟರ ನಡುವೆ ಕಾದಾಟ ಶುರುವಾದಾಗ ಬ್ರಿಟಿಷ್ ಸೇನಾಧಿಕಾರಿ ಪೀಟರ್ ಯಂಗ್ ನಿಕೊಸಿಯಾದ ನಕ್ಷೆಯ ಮೇಲೆ ಹಸಿರು ಪೆನ್ಸಿಲ್ಲಿನಿಂದ ಕದನವಿರಾಮದ ಗೆರೆ ಎಳೆದರು, ಹೆಸರು ಅಲ್ಲಿಂದ ಬಂತು. 1974ರ ಜುಲೈನಲ್ಲಿ ಮೊದಲು ಗ್ರೀಸ್ ದೇಶದ ಸೇನಾಡಳಿತದ ಬೆಂಬಲದ ಕ್ಷಿಪ್ರಕ್ರಾಂತಿ, ಐದೇ ದಿನಕ್ಕೆ ತುರ್ಕಿ ಸೇನೆಯ ಆಗಮನ. ಆಮೇಲೆ ಗೆರೆ ದ್ವೀಪದುದ್ದಕ್ಕೂ ಸುಮಾರು 180 ಕಿ.ಮೀ. ಚಾಚಿಕೊಂಡಿತು. ಉತ್ತರ ಭಾಗ 1983ರಲ್ಲಿ ಸ್ವತಂತ್ರ ರಾಷ್ಟ್ರವೆಂದು ಘೋಷಿಸಿಕೊಂಡರೂ ಅದನ್ನು ಒಪ್ಪಿರುವುದು ತುರ್ಕಿ ಮಾತ್ರ. ಜನ ದಾಟಲು ಬಾಗಿಲು ತೆರೆದದ್ದು 2003ರ ಏಪ್ರಿಲ್ 23ರಂದು.

ಕಾಗದಪತ್ರ, ಇಳಿಯುವ ಜಾಗ

ಲಾರ್ನಾಕಾ ಅಥವಾ ಪಾಫೊಸ್ ವಿಮಾನ ನಿಲ್ದಾಣದಲ್ಲೇ ಇಳಿಯಿರಿ. ಗಲ್ಫ್‌ನಲ್ಲಿರುವವರಿಗೆ, ಯುರೋಪಿನಲ್ಲಿ ಓದುವ ಹುಡುಗರಿಗೆ ಇಸ್ತಾಂಬುಲ್ ಮೇಲೆ ಉತ್ತರದ ಎರ್ಜಾನ್ ನಿಲ್ದಾಣಕ್ಕೆ ಟಿಕೆಟ್ ಅಗ್ಗವಾಗಿ ಕಾಣಬಹುದು. ಆ ಮೂಲಕ ದ್ವೀಪ ಸೇರುವುದನ್ನು ದಕ್ಷಿಣದ ಸರ್ಕಾರ, ಅಂದರೆ ಸೈಪ್ರಸ್ ಗಣರಾಜ್ಯ, ಅಕ್ರಮ ಪ್ರವೇಶವೆಂದೇ ಪರಿಗಣಿಸುತ್ತದೆ. ಭಾರತೀಯ ಪಾಸ್‌ಪೋರ್ಟ್‌ನವರನ್ನು ಗೆರೆಯ ಬಳಿ ದಕ್ಷಿಣದವರು ತಡೆದು ವಾಪಸ್ ಕಳಿಸಬಹುದು. ದಕ್ಷಿಣದಿಂದ ಉತ್ತರಕ್ಕೆ ಹೋಗಿ ದಕ್ಷಿಣಕ್ಕೇ ಮರಳುವುದು ಸುರಕ್ಷಿತ ಕ್ರಮ. ಕೈಯಲ್ಲಿರುವುದು ಒಂದೇ ಪ್ರವೇಶದ ವೀಸಾ ಆಗಿದ್ದರೆ, ಅಥವಾ ಬೇರೆ ದೇಶದ ವೀಸಾದ ಬಲದ ಮೇಲೆ ಬಂದಿದ್ದರೆ, ಗೆರೆ ದಾಟಿ ಮರಳುವ ಬಗ್ಗೆ ವೀಸಾ ಕೊಟ್ಟ ಕಚೇರಿಗೆ ಈಮೇಲ್ ಮಾಡಿ, ಉತ್ತರವನ್ನು ಮುದ್ರಿಸಿ ಇಟ್ಟುಕೊಳ್ಳಿ.

ಮೂಲ ಪಾಸ್‌ಪೋರ್ಟ್ ಜೇಬಿನಲ್ಲೇ ಇರಬೇಕು. ಫೋಟೊಕಾಪಿ, ಫೋನಿನಲ್ಲಿರುವ ಚಿತ್ರ, ಹೋಟೆಲಿನವರು ಕೊಟ್ಟ ಚೀಟಿ ಯಾವುದೂ ನಡೆಯುವುದಿಲ್ಲ. ಗುಂಪಿನಲ್ಲಿ ಒಬ್ಬರು ಪಾಸ್‌ಪೋರ್ಟ್ ಮರೆತು ಹೋಟೆಲಿಗೆ ಓಡಿದರೆ ಎಲ್ಲರ ಅರ್ಧ ಬೆಳಗು ಹೋದಂತೆಯೇ.

ಗೈಡನ್ನು ಆರಿಸುವಾಗ

ದಕ್ಷಿಣದ ಪರವಾನಗಿ ಉತ್ತರದಲ್ಲಿ ನಡೆಯದು, ಉತ್ತರದ್ದು ದಕ್ಷಿಣದಲ್ಲಿ ನಡೆಯದು. ಹಾಗಾಗಿ ಬಸ್ ಪ್ರವಾಸಗಳಲ್ಲಿ ಸಾಮಾನ್ಯವಾಗಿ ಗೆರೆ ದಾಟಿದ ಮೇಲೆ ಉತ್ತರದ ಗೈಡ್ ಹತ್ತಿಕೊಳ್ಳುತ್ತಾರೆ. ದುಡ್ಡು ಕಟ್ಟುವ ಮೊದಲು ಇಷ್ಟು ಕೇಳಿ: ಉತ್ತರದಲ್ಲಿ ಮಾತಾಡುವವರು ಯಾರು, ವಾಹನ ಅದೇನಾ ಬದಲಾಗುತ್ತದೆಯೇ, ಯಾವ ಚೆಕ್‌ಪೋಸ್ಟಿನಿಂದ ಒಳಗೆ ಯಾವುದರಿಂದ ಹೊರಗೆ, ಪ್ರವೇಶ ಶುಲ್ಕ ಸೇರಿದೆಯೇ, ಸಲಾಮಿಸ್‌ನಲ್ಲಿ ಎಷ್ಟು ಹೊತ್ತು ನಿಲ್ಲುತ್ತೀರಿ. ಕೊನೆಯದಕ್ಕೆ "ಮುಕ್ಕಾಲು ಗಂಟೆ" ಎಂದರೆ ಬೇರೆಯವರನ್ನು ನೋಡಿ.

ಇನ್ನೊಂದು ಪ್ರಶ್ನೆ ಮಾತಿನ ನಡುವೆ ತೇಲಿಬಿಡಿ: "ಜಗಳ ಶುರುವಾದದ್ದು ಯಾವಾಗ?" 1974 ಎಂದರೆ ದಕ್ಷಿಣದ ನೆನಪು ಮಾತಾಡುತ್ತಿದೆ, 1963 ಎಂದರೆ ಉತ್ತರದ್ದು. ಎರಡನ್ನೂ ಹೇಳಿ, ಅದಕ್ಕೂ ಹಿಂದೆ ಬ್ರಿಟಿಷರ ವಿರುದ್ಧ 1955ರಿಂದ 1959ರವರೆಗೆ ನಡೆದ ಹೋರಾಟಕ್ಕೆ ಹೋಗುವವರು ಸಿಕ್ಕರೆ ಬಿಡಬೇಡಿ. ಜುಲೈ 20ರಂದು ಮಾತ್ರ ಪ್ರವಾಸ ಇಟ್ಟುಕೊಳ್ಳಬೇಡಿ. ಒಂದು ಕಡೆ ಸಂಭ್ರಮದ ರಜೆ, ಇನ್ನೊಂದು ಕಡೆ ಬೆಳಗಿನ ಜಾವ ಸೈರನ್ ಮೊಳಗುವ ಶೋಕದ ದಿನ.

ಸ್ವಂತ ಬಾಡಿಗೆ ಕಾರಿನ ಆಸೆ ಇದ್ದರೆ ಒಂದು ಎಚ್ಚರಿಕೆ. ದಕ್ಷಿಣದ ಎಷ್ಟೋ ಕಾರ್ ಕಂಪನಿಗಳು ಗೆರೆ ದಾಟಲು ಬಿಡುವುದಿಲ್ಲ; ಬಿಟ್ಟರೂ ಅವರ ವಿಮೆ ಆಚೆ ಕಡೆ ಸಲ್ಲುವುದಿಲ್ಲ. ಚೆಕ್‌ಪೋಸ್ಟಿನ ಗೂಡಂಗಡಿಯಲ್ಲಿ ಕೊಳ್ಳುವ ವಿಮೆ ಎದುರಿನವರ ನಷ್ಟಕ್ಕೆ ಮಾತ್ರ. ನಿಮ್ಮ ಕಾರು ಗೀಚಿದರೂ ನಜ್ಜುಗುಜ್ಜಾದರೂ ಪೂರಾ ಖರ್ಚು ನಿಮ್ಮದೇ. ಹಗುರವಾದ ಏರ್ಪಾಡು ಇದು: ನಿಕೊಸಿಯಾದಲ್ಲಿ ನಡೆದು ದಾಟಿ, ಆಚೆ ಉತ್ತರದ ಗೈಡ್ ತಮ್ಮ ವಾಹನದೊಂದಿಗೆ ಕಾಯಲಿ, ಸಂಜೆ ಫಮಗುಸ್ತಾ ಬಳಿಯ ಡೆರಿನಿಯಾ ಚೆಕ್‌ಪೋಸ್ಟಿಗೆ ತಂದು ಬಿಡಲಿ, ಈಚೆ ದಕ್ಷಿಣದ ಟ್ಯಾಕ್ಸಿ ಕಾದಿರಲಿ.

ಬೆಳಗು: ನಿಕೊಸಿಯಾ, ಕಾಲ್ನಡಿಗೆ

ಲಾರ್ನಾಕಾದಿಂದ ಏಳಕ್ಕೆ ಹೊರಟರೆ ಎಂಟರ ಹೊತ್ತಿಗೆ ನಿಕೊಸಿಯಾ. ಹಳೇ ಊರನ್ನು ವೆನಿಸ್‌ನವರು 1567ರಿಂದ ಕಟ್ಟಿಸಿದ ವೃತ್ತಾಕಾರದ ಕೋಟೆಗೋಡೆ ಸುತ್ತುವರಿದಿದೆ. ಅದಕ್ಕೆ 11 ಕೊತ್ತಲ: ಐದು ದಕ್ಷಿಣಕ್ಕೆ, ಐದು ಉತ್ತರಕ್ಕೆ, ಒಂದು ಎರಡರ ನಡುವೆ ವಿಶ್ವಸಂಸ್ಥೆ ಕಾಯುವ ಬಫರ್ ವಲಯದಲ್ಲಿ. ಅಷ್ಟು ಕಷ್ಟಪಟ್ಟು ಕಟ್ಟಿದ ಗೋಡೆ 1570ರ ಸೆಪ್ಟೆಂಬರ್‌ನಲ್ಲಿ ಆಟೋಮನ್ ತುರ್ಕರ ಎದುರು ಎರಡು ತಿಂಗಳೂ ತಡೆಯಲಿಲ್ಲ.

ಎಲೆಫ್ತೇರಿಯಾ ಚೌಕದಿಂದ ಲೆಡ್ರಾ ಬೀದಿ ಹಿಡಿದು ನೇರ ನಡೆದರೆ ಹತ್ತು ನಿಮಿಷದಲ್ಲಿ ಚೆಕ್‌ಪೋಸ್ಟ್. 2008ರ ಏಪ್ರಿಲ್‌ನಲ್ಲಿ ತೆರೆದದ್ದು, ಕಾಲ್ನಡಿಗೆಯವರಿಗೆ ಮಾತ್ರ. ಮೊದಲು ದಕ್ಷಿಣದ ಕಿಟಕಿ, ನಡುವೆ ಮರಳುಚೀಲ, ಬಾಗಿಲು ಮುಚ್ಚಿದ ಮಳಿಗೆಗಳ ಕೆಲವೇ ಹೆಜ್ಜೆಯ ದಾರಿ, ಆಮೇಲೆ ಉತ್ತರದ ಕಿಟಕಿ. ಎಂಟೂವರೆಯೊಳಗೆ ಸಾಲು ಚಿಕ್ಕದು. ಹತ್ತರ ಮೇಲೆ ಬಸ್ಸಿನ ಗುಂಪುಗಳು ಬರುತ್ತವೆ. ಕ್ಯಾಮೆರಾ ಚೀಲದಲ್ಲಿರಲಿ. ಕಾವಲುಗೂಡು, ಸೈನಿಕ, ವಿಶ್ವಸಂಸ್ಥೆಯ ಠಾಣೆ ಯಾವುದರ ಫೋಟೊವನ್ನೂ ತೆಗೆಯುವಂತಿಲ್ಲ. ಕೆಂಪು ಫಲಕದ ಮೇಲೆ ಸೈನಿಕನ ಚಿತ್ರ ಕಂಡಲ್ಲೆಲ್ಲ ಇದೇ ನಿಯಮ. ಸೆಲ್ಫಿಯ ಹಿನ್ನೆಲೆಯಲ್ಲಿ ಠಾಣೆ ಬಿದ್ದರೂ ಅಳಿಸಿ ಎನ್ನುತ್ತಾರೆ.

ಗೆರೆ ಕಾಯುವ ವಿಶ್ವಸಂಸ್ಥೆಯ ಶಾಂತಿಪಡೆಗೂ ಕೊಡಗಿಗೂ ಒಂದು ನಂಟಿದೆ. ಮಡಿಕೇರಿಯಲ್ಲಿ ಹುಟ್ಟಿದ ಜನರಲ್ ಕೆ.ಎಸ್. ತಿಮ್ಮಯ್ಯ 1964ರಲ್ಲಿ ಇದರ ದಂಡನಾಯಕರಾಗಿ ಬಂದು, 1965ರ ಡಿಸೆಂಬರ್ 18ರಂದು ಈ ದ್ವೀಪದಲ್ಲೇ ತೀರಿಕೊಂಡರು. ಮರುವರ್ಷ ಸೈಪ್ರಸ್ ಅವರ ಚಿತ್ರದ ಅಂಚೆಚೀಟಿ ಹೊರತಂದಿತು. ಲಾರ್ನಾಕಾದಲ್ಲಿ ಅವರ ಹೆಸರಿನ ರಸ್ತೆಯಿದೆ. ಗ್ರೀಕರ ಬಾಯಲ್ಲಿ ಅದು "ತಿಮಾಯಿಯಾ".

ಆಚೆ ಕಡೆ ಐದು ನಿಮಿಷ ನಡೆದರೆ ಬ್ಯುಯುಕ್ ಹಾನ್: 1572ರಲ್ಲಿ ವ್ಯಾಪಾರಿಗಳಿಗಾಗಿ ಕಟ್ಟಿದ ಎರಡು ಅಂತಸ್ತಿನ ಛತ್ರ, 68 ಕೋಣೆ, ನಡುವಂಗಳದಲ್ಲಿ ಕಂಬಗಳ ಮೇಲೆ ನಿಂತ ಪುಟ್ಟ ಮಸೀದಿ. ಬ್ರಿಟಿಷರು ಇದನ್ನೇ ಕೆಲಕಾಲ ಜೈಲು ಮಾಡಿಕೊಂಡಿದ್ದರು. ಈಗ ಕುಶಲಕರ್ಮಿಗಳ ಅಂಗಡಿ, ಕಾಫಿ. ಕಾಫಿ ಹೇಳುವಾಗ ಸಕ್ಕರೆಯನ್ನೂ ಮೊದಲೇ ಹೇಳಬೇಕು, ಪುಡಿಯ ಜೊತೆಗೇ ಕುದಿಸುತ್ತಾರೆ: ಬೇಡವೆಂದರೆ "ಸಾದೆ", ಮಿತವಾಗಿ "ಓರ್ತಾ", ಸಿಹಿಯಾಗಿ "ಶೆಕೆರ್ಲಿ". ಲೋಟದ ತಳದ ಚರಟ ಕುಡಿಯಬೇಡಿ.

ಪಕ್ಕದ ಸೆಲಿಮಿಯೆ ಮಸೀದಿ ಮೂಲದಲ್ಲಿ 1209ರಲ್ಲಿ ಶುರುವಾದ ಸಂತ ಸೋಫಿಯಾ ಕೆಥೆಡ್ರಲ್. ಸೈಪ್ರಸ್‌ನ ಫ್ರೆಂಚ್ ಮೂಲದ ಅರಸರಿಗೆ ಕಿರೀಟಧಾರಣೆ ಆಗುತ್ತಿದ್ದ ಜಾಗ. ದುರಸ್ತಿಯ ಕೆಲಸದಿಂದ ಒಳಗೆ ಬಿಡದಿದ್ದರೆ ಬೇಸರ ಬೇಡ, ಇದರ ತಮ್ಮನನ್ನು ಫಮಗುಸ್ತಾದಲ್ಲಿ ನೋಡುತ್ತೀರಿ. ಹತ್ತೂಕಾಲಿಗೆ ಕೋಟೆಗೋಡೆಯ ಕಿರೇನಿಯಾ ಬಾಗಿಲ ಬಳಿ ವಾಹನ ಹತ್ತಿ.

ಮಧ್ಯಾಹ್ನ: ಮೊದಲು ಸಲಾಮಿಸ್

ಫಮಗುಸ್ತಾ ದಾರಿಯಲ್ಲೇ ಸಿಗುತ್ತದೆಂದು ಅಲ್ಲಿ ಮೊದಲು ಇಳಿಯಬೇಡಿ. ಸಲಾಮಿಸ್ ಇನ್ನೂ ಆರೇಳು ಕಿ.ಮೀ. ಆಚೆ, ಆದರೆ ಅದಕ್ಕೆ ಗೇಟಿದೆ, ಗೇಟಿಗೆ ಹೊತ್ತಿದೆ. ಚಳಿಗಾಲದಲ್ಲಿ ಮಧ್ಯಾಹ್ನವೇ ಮುಚ್ಚುವುದುಂಟು. ಮೊದಲು ಮುಚ್ಚುವುದನ್ನು ಮೊದಲು ನೋಡಬೇಕು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮಾತ್ರ ಇಡೀ ಕ್ರಮ ತಿರುಗಿಸಿ: ಬೆಳಗ್ಗೆ ಡೆರಿನಿಯಾ ದಾಟಿ ನೇರ ಸಲಾಮಿಸ್, ಸಂಜೆ ನಿಕೊಸಿಯಾ. ಅಲ್ಲಿ ನೆರಳಿಲ್ಲ. ತಲೆಗೆ ಬಟ್ಟೆ, ಒಬ್ಬರಿಗೆ ಒಂದೂವರೆ ಲೀಟರ್ ನೀರು, ಮುಚ್ಚಿದ ಶೂ. ಪೊದೆಗಳಲ್ಲಿ ಮಂಡಲದ ಹಾವುಗಳಿವೆ, ಚಪ್ಪಲಿಯಲ್ಲಿ ದಾರಿ ಬಿಟ್ಟು ತಿರುಗಬೇಡಿ.

ಕನಿಷ್ಠ ಒಂದೂಮುಕ್ಕಾಲು ಗಂಟೆ ಕೊಡಿ. ಒಳಹೊಕ್ಕೊಡನೆ ಗರಡಿಯ ಅಂಗಳ, ಸುತ್ತ ಅಮೃತಶಿಲೆಯ ಕಂಬಸಾಲು. ಇಲ್ಲಿ ನಿಧಾನಿಸಿ, ಪೂರ್ವದ ಸಾಲನ್ನು ತಲೆಯೆತ್ತಿ ನೋಡಿ: ಕಂಬದ ದಪ್ಪಕ್ಕೂ ಮೇಲಿನ ಬೋದಿಗೆಗೂ ಅಳತೆ ಕೂಡುವುದಿಲ್ಲ. 4ನೇ ಶತಮಾನದ ಭೂಕಂಪದಲ್ಲಿ ಎಲ್ಲ ಉರುಳಿದ ಮೇಲೆ ರಂಗಮಂದಿರದಿಂದ ಕಂಬಗಳನ್ನು ಹೊತ್ತು ತಂದು ನಿಲ್ಲಿಸಿದ್ದರ ಗುರುತು ಅದು. ಶಿಲ್ಪಗಳಿಗೆ ತಲೆಯೇ ಇಲ್ಲ; ಬೆತ್ತಲೆ ದೇವತೆಗಳನ್ನು ಕ್ರೈಸ್ತರು ಸಹಿಸದ ಕಾಲದ ಕೆಲಸ. ಮೂಲೆಯಲ್ಲಿ 44 ಜನ ಅರ್ಧವೃತ್ತವಾಗಿ ಒಟ್ಟಿಗೆ ಕೂರುತ್ತಿದ್ದ ಶೌಚಾಲಯವಿದೆ, ನಡುವೆ ಗೋಡೆಯಿಲ್ಲ. ಸ್ನಾನಗೃಹದ ಗೂಡುಗಳ ಮೇಲ್ಭಾಗದಲ್ಲಿ ಮೊಸಾಯಿಕ್ ಉಳಿದಿದೆ. ಕಣ್ಣು ನೆರಳಿಗೆ ಹೊಂದಿಕೊಳ್ಳುವವರೆಗೆ ಕಾಣುವುದಿಲ್ಲ, ಒಂದು ನಿಮಿಷ ನಿಲ್ಲಿ. ನಂತರ ರಂಗಮಂದಿರ. ಇಲ್ಲಿನ ಅಗೆತ 1974ರಲ್ಲಿ ಅರ್ಧಕ್ಕೇ ನಿಂತಿತು; ಊರಿನ ಬಹುಪಾಲು ಇನ್ನೂ ಮರಳು, ಮರಗಳ ಅಡಿಯಲ್ಲಿದೆ.

ಎರಡು ಕಿ.ಮೀ. ಪಶ್ಚಿಮಕ್ಕೆ ಸಂತ ಬಾರ್ನಬಾಸನ ಮಠ. ಅರ್ಧ ಗಂಟೆ ಸಾಕು. ಕೊನೆಯ ಮೂವರು ಸನ್ಯಾಸಿಗಳು ಒಡಹುಟ್ಟಿದವರು, 1976ರಲ್ಲಿ ದಕ್ಷಿಣಕ್ಕೆ ಹೋದರು. ಈಗದು ಐಕಾನ್‌ಗಳ, ಅಂದರೆ ಸಂತರ ಚಿತ್ರಪಟಗಳ, ಸಂಗ್ರಹಾಲಯ.

ಊಟ ಫಮಗುಸ್ತಾದ ಕೋಟೆಯೊಳಗೆ. ಸಸ್ಯಾಹಾರಿಗಳು "ಎತ್ಸಿಜ್", ಅಂದರೆ ಮಾಂಸವಿಲ್ಲದ್ದು, ಎಂಬ ಪದ ಬಾಯಿಪಾಠ ಮಾಡಿ. ಮೆನುವಿನಲ್ಲಿ "ಶೆಫ್ತಾಲಿ" ಕಂಡು ಫೋನಿಗೆ ಕೇಳಿದರೆ ಪೀಚ್ ಹಣ್ಣು ಎನ್ನುತ್ತದೆ. ತಟ್ಟೆಗೆ ಬರುವುದು ಕರುಳಿನ ಸುತ್ತಲ ಕೊಬ್ಬಿನ ಪೊರೆಯಲ್ಲಿ ಸುತ್ತಿ ಸುಟ್ಟ ಕೈಮಾ. ಸೊಪ್ಪಿನ ಹಾಗೆ ಕಾಣುವ ಮೊಲೆಹಿಯಾದಲ್ಲೂ ಮಾಂಸವಿರುತ್ತದೆ. ಹೆಲ್ಲಿಮ್ ಚೀಸ್ ಸುಟ್ಟದ್ದು, ಹೆಲ್ಲಿಮ್ ತುಂಬಿದ ಬೋರೆಕ್, ಮೆಜೆಯ ತರಕಾರಿ ಬಟ್ಟಲುಗಳಲ್ಲಿ ಹೊಟ್ಟೆ ತುಂಬುತ್ತದೆ. ಇಲ್ಲಿನ ನಾಣ್ಯ ತುರ್ಕಿ ಲೀರಾ. ಯುರೋವನ್ನೂ ತೆಗೆದುಕೊಳ್ಳುತ್ತಾರೆ, ಚಿಲ್ಲರೆ ಲೀರಾದಲ್ಲಿ ಬರುತ್ತದೆ. ಸಣ್ಣ ನೋಟುಗಳಿರಲಿ. ದಕ್ಷಿಣದ ಸಿಮ್ ಉತ್ತರದಲ್ಲಿ ಯುರೋಪಿನ ರೋಮಿಂಗ್ ದರಕ್ಕೆ ಓಡುವುದಿಲ್ಲ. ಡೇಟಾ ಆಫ್ ಮಾಡಿ, ಮ್ಯಾಪನ್ನು ಮುಂಚೆಯೇ ಇಳಿಸಿಕೊಳ್ಳಿ. ಫಲಕಗಳಲ್ಲಿ ಹೆಸರು ಬೇರೆ: ನಿಕೊಸಿಯಾ ಎಂದರೆ ಲೆಫ್ಕೋಶಾ, ಕಿರೇನಿಯಾ ಎಂದರೆ ಗಿರ್ನೆ, ಫಮಗುಸ್ತಾ ಎಂದರೆ ಗಾಜಿಮಾಉಸಾ. ಮ್ಯಾಪಿನಲ್ಲಿ ಎರಡನ್ನೂ ಗುರುತು ಹಾಕಿಕೊಳ್ಳಿ.

ಸಂಜೆ: ಫಮಗುಸ್ತಾ

ಲಾಲಾ ಮುಸ್ತಫಾ ಪಾಶಾ ಮಸೀದಿಯ ಮುಂದಿನ ಮರದಿಂದ ಶುರು ಮಾಡಿ. ಇದು ಆಫ್ರಿಕಾದ ಅತ್ತಿ, ನಮ್ಮ ಅತ್ತಿಮರದ ದಾಯಾದಿ. 1300ರ ಆಸುಪಾಸಿನಲ್ಲಿ ಕೆಥೆಡ್ರಲ್ ಕಟ್ಟುವಾಗಲೇ ನೆಟ್ಟದ್ದೆಂದು ಹೇಳುತ್ತಾರೆ. ಕಟ್ಟಡದ ಮುಖ ಪೂರಾ ಫ್ರೆಂಚ್ ಗೋಥಿಕ್, ಒಂದು ಗೋಪುರದ ಮೇಲೆ ಮಾತ್ರ ಮಿನಾರ್. ಒಳಗೆ ಹೋಗುವಾಗ ಶೂ ಬಿಚ್ಚಿ; ಹೆಂಗಸರಿಗೆ ತಲೆಗೊಂದು ಶಾಲು. ನಮಾಜಿನ ಹೊತ್ತಿನಲ್ಲಿ, ಅದರಲ್ಲೂ ಶುಕ್ರವಾರ ಮಧ್ಯಾಹ್ನ, ಹೊರಗೆ ಕಾಯಬೇಕು. ಚರ್ಚಿನ ಗರ್ಭದ ದಿಕ್ಕು ಪೂರ್ವ, ಇಲ್ಲಿಂದ ಮೆಕ್ಕಾ ದಕ್ಷಿಣದ ಕಡೆ. ಹಾಗಾಗಿ ಮೆಕ್ಕಾದ ದಿಕ್ಕು ತೋರುವ ಗೂಡು, ಮಿಹ್ರಾಬ್, ಬಲಗೋಡೆಯಲ್ಲಿದೆ, ಕಂಬಗಳೆಲ್ಲ ಒಂದು ಕಡೆ ಕೈತೋರಿದರೆ ಜಮಖಾನೆಯ ಗೆರೆಗಳು ಇನ್ನೊಂದು ಕಡೆ ಸಾಗುತ್ತವೆ.

ಅಲ್ಲಿಂದ ಐದು ನಿಮಿಷಕ್ಕೆ ಒಥೆಲ್ಲೊ ಗೋಪುರ. ಬಾಗಿಲ ಮೇಲೆ ವೆನಿಸ್‌ನ ರೆಕ್ಕೆಯ ಸಿಂಹ, 1492ರ ಶಾಸನ. ಎರಡೂ ಸಮುದಾಯದ ತಜ್ಞರ ಜಂಟಿ ಸಮಿತಿ ಇದನ್ನು ದುರಸ್ತಿ ಮಾಡಿ 2015ರಲ್ಲಿ ತೆರೆಯಿತು. ಕೋಟೆಗೋಡೆಯ ಮೇಲೆ ಹತ್ತುವಾಗ ಮಕ್ಕಳ ಕೈ ಬಿಡಬೇಡಿ. ಎಷ್ಟೋ ಕಡೆ ಕಟಕಟೆ ಇಲ್ಲ. ನಿಕೊಸಿಯಾ ಸೋತ ಮೇಲೂ ಈ ಗೋಡೆ 1571ರ ಆಗಸ್ಟ್‌ವರೆಗೆ ಮುತ್ತಿಗೆ ತಾಳಿತು.

ಬೆಳಕು ಉಳಿದಿದ್ದರೆ ವರೋಶಾ. 1974ರ ಆಗಸ್ಟ್‌ನಲ್ಲಿ ಜನ ಉಟ್ಟಬಟ್ಟೆಯಲ್ಲಿ ಬಿಟ್ಟುಹೋದ ಕಡಲತೀರದ ಬಡಾವಣೆ. ಒಂದು ಭಾಗವನ್ನು 2020ರ ಅಕ್ಟೋಬರ್ 8ರಂದು ನೋಡುಗರಿಗೆ ತೆರೆದರು. ಇದು ವಿಶ್ವಸಂಸ್ಥೆಯ 550ನೇ ನಿರ್ಣಯಕ್ಕೆ ವಿರುದ್ಧವೆಂಬ ವಿವಾದ ಇನ್ನೂ ಇದೆ, ಮನೆಗಳ ಮಾಲೀಕರು ಇನ್ನೂ ಇದ್ದಾರೆ. ಹೋಗುವುದೋ ಬಿಡುವುದೋ ನೀವೇ ನಿರ್ಧರಿಸಿ. ಹೋದರೆ ಡಾಂಬರಿನ ಮೇಲೆಯೇ ನಡೆಯಿರಿ, ಹಗ್ಗ ದಾಟಬೇಡಿ, ಒಂದು ಹೆಂಚಿನ ಚೂರನ್ನೂ ಎತ್ತಿಕೊಳ್ಳಬೇಡಿ. ಗೇಟು ಮುಚ್ಚುವ ಹೊತ್ತನ್ನು ಒಳಹೋಗುವಾಗಲೇ ಓದಿಕೊಳ್ಳಿ.

ಡೆರಿನಿಯಾ ಚೆಕ್‌ಪೋಸ್ಟ್ ಇಲ್ಲಿಂದ ಕೆಲವೇ ನಿಮಿಷ. ದಕ್ಷಿಣದ ಕಸ್ಟಮ್ಸ್‌ನವರು ಚೀಲ ತೆರೆಸಬಹುದು: 40 ಸಿಗರೇಟು, ಒಂದು ಲೀಟರ್ ಮದ್ಯ, ಒಟ್ಟು 260 ಯುರೋವರೆಗಿನ ಸಾಮಾನು, ಅಷ್ಟೇ. ಹಾಲಿನದು, ಮಾಂಸದ್ದು ಏನನ್ನೂ ತರುವಂತಿಲ್ಲ. ಮಧ್ಯಾಹ್ನ ಆಸೆಪಟ್ಟು ಕಟ್ಟಿಸಿಕೊಂಡ ಹೆಲ್ಲಿಮ್ ಇದ್ದರೆ ಗೇಟಿಗೆ ಮೊದಲೇ ತಿಂದು ಮುಗಿಸಿ. ಆಚೆ ಅಂಗಡಿಯಲ್ಲಿ ಅದೇ ಚೀಸ್ ಹಲ್ಲೂಮಿ ಎಂಬ ಹೆಸರಿನಲ್ಲಿ ಸಿಗುತ್ತದೆ. ಡೆರಿನಿಯಾದಲ್ಲಿ ಟ್ಯಾಕ್ಸಿ ತಾನಾಗಿ ನಿಂತಿರುವುದಿಲ್ಲ, ಹಿಂದಿನ ದಿನವೇ ಹೇಳಿಡಿ. ಅಲ್ಲಿಂದ ಲಾರ್ನಾಕಾಗೆ ಮುಕ್ಕಾಲು ಗಂಟೆ.