ಚುನಾವಣೆಗೆ ಮೊದಲೇ ಮನೆಯಲ್ಲಿ ವೋಟು: ಆ ಐದು ದಿನ ಕೈಬಿಡಬೇಡಿ

2024ರ ಏಪ್ರಿಲ್ ತಿಂಗಳು. ಉಡುಪಿಯ ಕಟಪಾಡಿ ಹತ್ತಿರದ ಅಜ್ಜಿಮನೆ ಅಂಗಳದಲ್ಲಿ ಹಲಸಿನ ಹಪ್ಪಳ ಒಣಗಲು ಹಾಕಿದ್ದೆವು. ಬೆಳಿಗ್ಗೆ ಹತ್ತೂವರೆಗೇ ಸೆಕೆ ಜೋರಾಗಿತ್ತು. ಗೇಟಿನ ಹತ್ತಿರ ಜೀಪು ನಿಂತಿತು. ಇಬ್ಬರು ಮತಗಟ್ಟೆ ಅಧಿಕಾರಿಗಳು, ಒಬ್ಬರು ಪೊಲೀಸರು, ಕ್ಯಾಮೆರಾ ಹಿಡಿದ ಹುಡುಗ, ದಾರಿ ತೋರಿಸಲು ನಮ್ಮ ಬೂತಿನ ಬಿಎಲ್‌ಒ (ಬೂತಿನ ಮತದಾರರ ಪಟ್ಟಿ ನೋಡಿಕೊಳ್ಳುವ ಅಧಿಕಾರಿ) ಅಕ್ಕ, ಇಷ್ಟು ಜನ ಇಳಿದರು. ಅಜ್ಜಿ ಎಲ್ಲರಿಗೂ ಬೆಲ್ಲ, ನೀರು ಕೊಡಲು ಹೇಳಿದರು. ಅವರು ನೀರು ಮಾತ್ರ ಕುಡಿದು ಕೆಲಸಕ್ಕೆ ಕೂತರು.

ಅಜ್ಜಿಗೆ ಆಗ 88 ವರ್ಷ. ಅದರ ಹಿಂದಿನ ವರ್ಷ, 2023ರ ವಿಧಾನಸಭೆ ಚುನಾವಣೆಯಲ್ಲಿ ಅವರಿಗೆ ವೋಟು ಹಾಕಲು ಆಗಿರಲಿಲ್ಲ. ಮೊಣಕಾಲು ನೋವು, ಬೂತು ಗುಡ್ಡೆಯ ಮೇಲಿನ ಶಾಲೆಯಲ್ಲಿ. ಮನೆಯಿಂದಲೇ ಮತ ಹಾಕಬಹುದು ಎಂದು ನಮಗೆಲ್ಲ ಗೊತ್ತಿತ್ತು. ಆದರೆ ಅಭ್ಯರ್ಥಿಗಳು ಯಾರು ಅಂತ ಗೊತ್ತಾಗಲಿ, ಆಮೇಲೆ ಅರ್ಜಿ ಕೊಟ್ಟರಾಯಿತು ಅಂದುಕೊಂಡೆವು. ಅಷ್ಟರಲ್ಲಿ ಕೊನೆಯ ದಿನ ದಾಟಿ ಹೋಗಿತ್ತು. ತಪ್ಪು ಪೂರ್ತಿ ನಮ್ಮದೇ. ಮತದಾನದ ದಿನ ಸಂಜೆ ಅಜ್ಜಿ ಜಗಲಿಯಲ್ಲಿ ಕೂತು, ವೋಟು ಹಾಕಿ ಬಂದವರ ಬೆರಳು ನೋಡುತ್ತಿದ್ದರು. ಅದನ್ನು ನೆನೆಸಿಕೊಂಡರೆ ಈಗಲೂ ಬೇಸರ ಆಗುತ್ತದೆ. ನಿಮ್ಮ ಮನೆಯಲ್ಲಿ ಹಾಗಾಗದಿರಲಿ ಎಂದು ಈ ವಿವರ.

ಯಾರಿಗೆ ಈ ಅವಕಾಶ?

ಬೇಕೆನಿಸಿದವರೆಲ್ಲ ಮೊದಲೇ ವೋಟು ಹಾಕುವ ಪದ್ಧತಿ ನಮ್ಮಲ್ಲಿಲ್ಲ. ಕೆಲವರಿಗೆ ಮಾತ್ರ ಅಂಚೆ ಮತದ ಅವಕಾಶವಿದೆ. ಮನೆಗೇ ಬಂದು ಮತ ಪಡೆಯುವುದು ಎರಡು ಗುಂಪಿನವರಿಂದ. 85 ವರ್ಷ ದಾಟಿದ ಹಿರಿಯರು ಒಂದು. ಶೇ 40 ಅಥವಾ ಅದಕ್ಕಿಂತ ಜಾಸ್ತಿ ಅಂಗವೈಕಲ್ಯ ಇರುವವರು ಇನ್ನೊಂದು, ಅವರಿಗೆ ವಯಸ್ಸಿನ ಮಿತಿ ಇಲ್ಲ.

ವಯಸ್ಸಿನ ವಿಷಯದಲ್ಲಿ ಇಲ್ಲಿ ತುಂಬ ಜನ ಎಡವುತ್ತಾರೆ. 2023ರಲ್ಲಿ ಈ ಮಿತಿ 80 ಇತ್ತು. 2024ರ ಮಾರ್ಚ್‌ನಲ್ಲಿ ಅದನ್ನು 85ಕ್ಕೆ ಏರಿಸಿದರು. ನನ್ನ ದೊಡ್ಡಪ್ಪ 82ರಲ್ಲಿ ಮನೆಯಲ್ಲೇ ಕೂತು ವಿಧಾನಸಭೆಗೆ ಮತ ಹಾಕಿದವರು. ಮರುವರ್ಷ ಲೋಕಸಭೆಗೂ ಬರುತ್ತಾರೆ ಎಂದು ಕಾದರು, ಯಾರೂ ಬರಲಿಲ್ಲ. ಕೊನೆಗೆ ರಿಕ್ಷಾ ಮಾಡಿಸಿ ಬೂತಿಗೆ ಕರೆದುಕೊಂಡು ಹೋದೆವು. ಹಾಗಾಗಿ ಕಳೆದ ಸಲ ಮನೆಗೆ ಬಂದಿದ್ದರು, ಈ ಸಲವೂ ಬರುತ್ತಾರೆ ಎಂದು ಸುಮ್ನೆ ಕೂರಬೇಡಿ.

ಇನ್ನೊಂದು ಮಾತು. ಇಲ್ಲಿ ಹೇಳುತ್ತಿರುವುದು ವಿಧಾನಸಭೆ ಮತ್ತು ಲೋಕಸಭೆ ಚುನಾವಣೆಗಳ ವಿಷಯ. ಪಂಚಾಯತ್ ಚುನಾವಣೆ ನಡೆಸುವುದು ರಾಜ್ಯ ಚುನಾವಣಾ ಆಯೋಗ, ಅದರ ನಿಯಮಗಳೇ ಬೇರೆ.

ಮೊದಲ ಹೆಜ್ಜೆ: ಪಟ್ಟಿ ನೋಡಿ, ಈಗಲೇ

ಚುನಾವಣೆ ದೂರ ಇರುವಾಗಲೇ ಮಾಡಬೇಕಾದ ಕೆಲಸ ಇದು. ಮತದಾರರ ಪಟ್ಟಿಯಲ್ಲಿ ಹಿರಿಯರ ಹೆಸರಿನ ಮುಂದೆ ವಯಸ್ಸು ಎಷ್ಟಿದೆ ನೋಡಿ. ಅರ್ಜಿ ಬಂದಾಗ ಅಧಿಕಾರಿಗಳು ನೋಡುವುದು ಅದನ್ನೇ.

ನಮ್ಮ ಹಳೆಯ ತಲೆಮಾರಿನವರಲ್ಲಿ ಎಷ್ಟು ಜನರ ಹತ್ತಿರ ಜನನ ಪ್ರಮಾಣಪತ್ರ ಇದೆ ಹೇಳಿ? ದೊಡ್ಡ ನೆರೆ ಬಂದ ವರ್ಷ, ಚಿಕ್ಕ ತಮ್ಮ ಹುಟ್ಟಿದ ಮಳೆಗಾಲ, ಹೀಗೇ ಅವರ ಲೆಕ್ಕ. ಪಟ್ಟಿ ಬರೆಯಲು ಬಂದವರಿಗೆ ಅಂದಾಜಿನಲ್ಲಿ ಒಂದು ಸಂಖ್ಯೆ ಹೇಳಿರುತ್ತಾರೆ. ಪಕ್ಕದ ಮನೆಯ ಅಜ್ಜನಿಗೆ ಮನೆಯವರ ಲೆಕ್ಕದಲ್ಲಿ 87, ಪಟ್ಟಿಯಲ್ಲಿ 83. ನಾಲ್ಕು ವರ್ಷದ ಆ ವ್ಯತ್ಯಾಸದಿಂದ ಅವರಿಗೆ ಮನೆಮತ ಸಿಗಲಿಲ್ಲ.

ಸರಿಪಡಿಸಲು ಫಾರಂ 8 ತುಂಬಬೇಕು. ವಯಸ್ಸಿನ ದಾಖಲೆ ಜೊತೆಗಿರಲಿ. ಅಂಗವೈಕಲ್ಯ ಇರುವವರು ಪಟ್ಟಿಯಲ್ಲಿ ತಮ್ಮನ್ನು ಹಾಗೆಂದು ಗುರುತಿಸಲು ಕೇಳಿಕೊಳ್ಳುವುದೂ ಇದೇ ಫಾರಂ 8ರಲ್ಲಿ. ಬಿಎಲ್‌ಒ ಹತ್ತಿರ ಕೊಡಬಹುದು, ಭಾರತ ಚುನಾವಣಾ ಆಯೋಗದ ವೆಬ್‌ಸೈಟಿನಲ್ಲೂ ತುಂಬಬಹುದು. ಚುನಾವಣೆ ಘೋಷಣೆಯಾದ ಮೇಲೆ ತಿದ್ದಿಸೋಣ ಎಂದು ಕಾದರೆ ಕೆಲಸ ಕೆಟ್ಟಿತು.

ನಿಮ್ಮ ಬೂತಿನ ಬಿಎಲ್‌ಒ ಯಾರು ಎಂದು ಗೊತ್ತಿಲ್ಲವೇ? ನಮ್ಮ ಊರುಗಳಲ್ಲಿ ಹೆಚ್ಚಾಗಿ ಅಂಗನವಾಡಿ ಟೀಚರ್ ಅಥವಾ ಶಾಲೆಯ ಮೇಷ್ಟ್ರು ಆಗಿರುತ್ತಾರೆ. 1950ಕ್ಕೆ ಫೋನು ಮಾಡಿದರೆ ಹೇಳುತ್ತಾರೆ. ಅವರ ನಂಬರನ್ನು ಮೊಬೈಲಿನಲ್ಲಿ ಇಟ್ಟುಕೊಳ್ಳಿ.

ಎರಡನೇ ಹೆಜ್ಜೆ: ಫಾರಂ 12ಡಿ, ಐದು ದಿನದ ಒಳಗೆ

ಮನೆಮತಕ್ಕೆ ಕೊಡುವ ಅರ್ಜಿಯ ಹೆಸರು ಫಾರಂ 12ಡಿ. ಇದನ್ನು ಚುನಾವಣೆಯ ಅಧಿಸೂಚನೆ (ನಾಮಪತ್ರ ಸಲ್ಲಿಕೆ ಶುರುಮಾಡುವ ಸರ್ಕಾರಿ ಪ್ರಕಟಣೆ) ಹೊರಟ ಐದು ದಿನದ ಒಳಗೆ ಕೊಡಬೇಕು. ಮತದಾನಕ್ಕೆ ಐದು ದಿನ ಮೊದಲು ಅಂತ ಅಲ್ಲ. ನಾವು ಸೋತದ್ದು ಈ ಲೆಕ್ಕದಲ್ಲೇ.

2024ರ ದಿನಾಂಕಗಳನ್ನೇ ನೋಡಿ. ಚುನಾವಣೆ ಘೋಷಣೆಯಾದದ್ದು ಮಾರ್ಚ್ 16ರಂದು. ದಕ್ಷಿಣ ಕನ್ನಡ ಮತ್ತು ಉಡುಪಿ-ಚಿಕ್ಕಮಗಳೂರು ಕ್ಷೇತ್ರಗಳಿಗೆ ಅಧಿಸೂಚನೆ ಹೊರಟದ್ದು ಮಾರ್ಚ್ 28ರಂದು. ಅಲ್ಲಿಂದ ಐದು ದಿನ ಅಂದರೆ ಏಪ್ರಿಲ್ 2. ಮತದಾನ ಏಪ್ರಿಲ್ 26ಕ್ಕೆ. ಅಂದರೆ ಮತದಾನಕ್ಕೆ ಇನ್ನೂ ಮೂರು ವಾರಕ್ಕಿಂತ ಜಾಸ್ತಿ ಇರುವಾಗಲೇ ಮನೆಮತದ ಅರ್ಜಿ ಮುಗಿದಿತ್ತು. ಆ ಹೊತ್ತಿಗೆ ನಾಮಪತ್ರ ಸಲ್ಲಿಕೆಯೂ ಮುಗಿದಿರಲಿಲ್ಲ. ಅಭ್ಯರ್ಥಿಗಳು ಯಾರೆಂದು ನೋಡಿ ಅರ್ಜಿ ಕೊಡುತ್ತೇನೆ ಅಂದರೆ ಆಗುವುದಿಲ್ಲ, ಅಲ್ವಾ?

ಬೈಂದೂರಿನವರು ಇನ್ನೂ ಜಾಗ್ರತೆಯಿಂದ ಇರಬೇಕು. ಜಿಲ್ಲೆ ಉಡುಪಿಯಾದರೂ ಲೋಕಸಭೆಗೆ ಬೈಂದೂರು ಸೇರುವುದು ಶಿವಮೊಗ್ಗ ಕ್ಷೇತ್ರಕ್ಕೆ. 2024ರಲ್ಲಿ ಕುಂದಾಪುರದವರು ಏಪ್ರಿಲ್ 26ಕ್ಕೆ ಮತ ಹಾಕಿದರೆ, ಬೈಂದೂರಿನವರು ಹಾಕಿದ್ದು ಮೇ 7ಕ್ಕೆ. ಕುಂದಾಪುರದ ತಂಗಿಮನೆಯ ದಿನಾಂಕ ಕೇಳಿ ಬೈಂದೂರಿನ ಅಮ್ಮನ ಅರ್ಜಿಗೆ ಲೆಕ್ಕ ಹಾಕಬೇಡಿ.

ಅರ್ಜಿ ಸಿಗುವುದು ಕಷ್ಟವಲ್ಲ. ಪಟ್ಟಿಯಲ್ಲಿ 85 ದಾಟಿದವರ ಮತ್ತು ಅಂಗವಿಕಲರ ಮನೆಗೆ ಬಿಎಲ್‌ಒ ತಾವೇ ಫಾರಂ ತಂದುಕೊಡುತ್ತಾರೆ. ಮನೆಮತ ಬೇಕೋ ಬೇಡವೋ ಎಂದು ಕೇಳುತ್ತಾರೆ. ತುಂಬಿದ ಫಾರಂ ತೆಗೆದುಕೊಳ್ಳಲು ಮತ್ತೆ ಬರುತ್ತಾರೆ. ಬಾರದಿದ್ದರೆ ನೀವೇ ಫೋನು ಮಾಡಿ ಕೇಳಿ. ಹೆಸರು, ವಿಳಾಸ, ಪಟ್ಟಿಯ ಭಾಗದ ಸಂಖ್ಯೆ, ಕ್ರಮಸಂಖ್ಯೆ, ಗುರುತಿನ ಚೀಟಿಯ ಸಂಖ್ಯೆ ಬರೆಯಬೇಕು. ಅಂಗವೈಕಲ್ಯದ ಮೇಲೆ ಕೇಳುವವರು ಪ್ರಮಾಣಪತ್ರದ ಪ್ರತಿ ಸೇರಿಸಬೇಕು. ಮನೆಯಲ್ಲಿ ಯಾವಾಗಲೂ ಕೈಗೆ ಸಿಗುವವರ ಮೊಬೈಲ್ ನಂಬರ್ ಕೊಡಿ. ತಂಡ ಬರುವ ದಿನ ತಿಳಿಸುವುದು ಹೆಚ್ಚಾಗಿ ಆ ನಂಬರಿಗೇ. ಬೆಂಗಳೂರಿನ ಮಗನ ನಂಬರ್ ಕೊಟ್ಟು, ಅವನು ಮೆಸೇಜು ನೋಡದೆ ಬಿಟ್ಟರೆ ಏನು ಪ್ರಯೋಜನ?

ಸಹಿ ಮಾಡುವ ಮುನ್ನ ಒಂದು ವಿಷಯ ಹಿರಿಯರಿಗೆ ಬಿಡಿಸಿ ಹೇಳಿ. ಅರ್ಜಿ ಒಪ್ಪಿಗೆಯಾದರೆ ಪಟ್ಟಿಯಲ್ಲಿ ಅವರ ಹೆಸರಿನ ಮುಂದೆ ಅಂಚೆ ಮತ ಎಂದು ಗುರುತು ಬೀಳುತ್ತದೆ. ಆಮೇಲೆ ಬೂತಿಗೆ ಹೋಗಿ ವೋಟು ಹಾಕಲು ಆಗುವುದಿಲ್ಲ. ಕೆಲವು ಅಜ್ಜಂದಿರಿಗೆ ಬೂತಿಗೆ ಹೋಗುವುದೇ ಸಂಭ್ರಮ. ಬಿಳಿ ಪಂಚೆ ಉಟ್ಟು, ನಾಲ್ಕು ಜನರ ಹತ್ತಿರ ಮಾತಾಡಿ ಬರಬೇಕು. ನಡೆಯಲು ಆಗುವವರನ್ನು ನಮ್ಮ ಅನುಕೂಲಕ್ಕೆ ಮನೆಯಲ್ಲಿ ಕೂರಿಸುವುದು ಸರಿಯಲ್ಲ. ಅವರನ್ನೇ ಕೇಳಿ. ಬೂತಿನಲ್ಲಿ ಗಾಲಿಕುರ್ಚಿ, ಇಳಿಜಾರು ದಾರಿ ಇರುತ್ತದೆ, ಹಿರಿಯರು ಸಾಲಿನಲ್ಲಿ ಕಾಯಬೇಕಾಗಿಲ್ಲ.

ಮೂರನೇ ಹೆಜ್ಜೆ: ತಂಡ ಬರುವ ದಿನ

ನಾಮಪತ್ರ ವಾಪಸ್ ಪಡೆಯುವ ದಿನ ಮುಗಿದು, ಮತಪತ್ರ ಅಚ್ಚಾದ ಮೇಲೆ ತಂಡಗಳು ಹೊರಡುತ್ತವೆ. ಬರುವ ದಿನವನ್ನು ಮೊದಲೇ ತಿಳಿಸುತ್ತಾರೆ. ಅಭ್ಯರ್ಥಿಗಳಿಗೂ ಈ ಪಟ್ಟಿ ಹೋಗುತ್ತದೆ, ಅವರ ಕಡೆಯವರು ಬಂದು ನೋಡಬಹುದು. ಮನೆಯಲ್ಲಿ ಇಲ್ಲದಿದ್ದರೆ ತಂಡ ಇನ್ನೊಂದು ಸಲ ಬರುತ್ತದೆ. ಆಗಲೂ ಸಿಗದಿದ್ದರೆ ಅಷ್ಟೇ, ಆ ಚುನಾವಣೆಯಲ್ಲಿ ಅವರ ಮತ ಹೋಯಿತು. ಏಪ್ರಿಲ್, ಮೇ ಅಂದರೆ ನಮ್ಮಲ್ಲಿ ಮದುವೆ, ಬ್ರಹ್ಮಕಲಶ, ನೇಮಗಳ ಕಾಲ. ಆ ಎರಡು ದಿನ ಅಜ್ಜಿಯನ್ನು ಎಲ್ಲೂ ಕರೆದುಕೊಂಡು ಹೋಗಬೇಡಿ.

ಗುರುತಿನ ಚೀಟಿ ತೆಗೆದಿಡಿ. ಒಂದು ಮೇಜು, ಒಂದು ಕುರ್ಚಿ, ಚೆನ್ನಾಗಿ ಬೆಳಕು ಬೀಳುವ ಜಾಗ ಸಾಕು. ನಮ್ಮಲ್ಲಿ ಚಾವಡಿಯ ಕಿಟಕಿ ಪಕ್ಕ ಮೇಜು ಹಾಕಿದೆವು. ಅದರ ಮೇಲೆ ಅವರು ರಟ್ಟಿನ ಮರೆ ನಿಲ್ಲಿಸಿದರು.

ಇಲ್ಲಿ ಯಂತ್ರ ಇರುವುದಿಲ್ಲ, ಕಾಗದದ ಮತಪತ್ರ. ಇದನ್ನು ಮೊದಲೇ ಹೇಳಿಡಿ. "ಬಟನ್ ಎಲ್ಲುಂಟು?" ಎಂದು ನಮ್ಮಜ್ಜಿ ಎರಡು ದಿನ ಮೊದಲೇ ಕೇಳಿದ್ದರು. ಬಟನ್ ಇಲ್ಲ, ಪೆನ್ನಿನಲ್ಲಿ ಗುರುತು ಹಾಕುವುದು ಅಂದಾಗ, ಹಿಂದೆ ಠಸ್ಸೆ ಒತ್ತುತ್ತಿದ್ದುದನ್ನು ನೆನಪು ಮಾಡಿಕೊಂಡರು. ಬೆರಳು ಗಂಟು ಕಟ್ಟಿದ್ದರಿಂದ ಪೆನ್ನು ಹಿಡಿದು ವರ್ಷಗಳಾಗಿತ್ತು. ಹಳೆ ಕ್ಯಾಲೆಂಡರ್ ಹಾಳೆಯ ಹಿಂದೆ ಗೆರೆ ಎಳೆದು ಚೌಕ ಮಾಡಿ ಕೊಟ್ಟೆ. ಎರಡು ಸಂಜೆ ಕೂತು ಟಿಕ್ ಹಾಕಲು ಅಭ್ಯಾಸ ಮಾಡಿದರು. ಮೊದಲ ದಿನ ಗುರುತು ಪಕ್ಕದ ಚೌಕಕ್ಕೆ ಹಾಯುತ್ತಿತ್ತು. ಎರಡನೇ ದಿನ ಒಳಗೇ ನಿಂತಿತು.

ಈ ಅಭ್ಯಾಸ ಸಣ್ಣ ವಿಷಯವಲ್ಲ. ಟಿಕ್ ಅಥವಾ ಗುಣಿಸುವ ಗುರುತು, ಎರಡರಲ್ಲಿ ಯಾವುದಾದರೂ ಸರಿ. ಆದರೆ ಒಬ್ಬ ಅಭ್ಯರ್ಥಿಯ ಮುಂದೆ ಮಾತ್ರ ಇರಬೇಕು. ಇಬ್ಬರ ಮುಂದೆ ಹಾಕಿದರೆ, ಯಾರಿಗೆ ಎಂದು ತಿಳಿಯದ ಹಾಗೆ ಗುರುತು ಬಿದ್ದರೆ, ಮತಪತ್ರದ ಮೇಲೆ ಸಹಿ ಅಥವಾ ಹೆಸರು ಬರೆದರೆ ಮತ ಅಸಿಂಧು. ನೋಟಾ ಇಲ್ಲಿಯೂ ಇರುತ್ತದೆ.

ಆಮೇಲೆ ಲಕೋಟೆಗಳ ಕೆಲಸ. ಮತಪತ್ರ ಮಡಚಿ ಚಿಕ್ಕ ಲಕೋಟೆಗೆ ಹಾಕಿ ಅಂಟಿಸಬೇಕು. ಅದರ ಹೆಸರು 13ಬಿ. ಇದು ನಾನೇ ಹಾಕಿದ ಮತ ಎನ್ನುವ ಘೋಷಣೆ ಇನ್ನೊಂದು ಹಾಳೆಯಲ್ಲಿ, ಅದು 13ಎ. ಅದಕ್ಕೆ ಸಹಿ ಅಥವಾ ಹೆಬ್ಬೆಟ್ಟು ಹಾಕಿದರೆ ಅಧಿಕಾರಿ ದೃಢೀಕರಿಸುತ್ತಾರೆ. ಚಿಕ್ಕ ಲಕೋಟೆ ಮತ್ತು ಘೋಷಣೆ ಎರಡನ್ನೂ ದೊಡ್ಡ ಲಕೋಟೆಗೆ, ಅಂದರೆ 13ಸಿಗೆ ಹಾಕಿ ಅಂಟಿಸಬೇಕು. ಘೋಷಣೆಯನ್ನು ಚಿಕ್ಕ ಲಕೋಟೆಯ ಒಳಗೆ ಸೇರಿಸಿಬಿಡಬೇಡಿ. ಎಣಿಕೆಯ ದಿನ ದೊಡ್ಡ ಲಕೋಟೆ ಬಿಚ್ಚಿದಾಗ ಘೋಷಣೆ ಕಾಣದಿದ್ದರೆ ಚಿಕ್ಕದನ್ನು ಬಿಚ್ಚುವುದೇ ಇಲ್ಲ. ಅಧಿಕಾರಿಗಳು ಎದುರಲ್ಲೇ ಇರುತ್ತಾರೆ, ಅನುಮಾನ ಬಂದರೆ ಕೇಳಿ.

ಕ್ಯಾಮೆರಾ ನೋಡಿ ಹಿರಿಯರು ಹೆದರಬಹುದು. ಅದು ಇಡೀ ಕೆಲಸವನ್ನು ಚಿತ್ರೀಕರಿಸುತ್ತದೆ, ಯಾರಿಗೆ ಗುರುತು ಹಾಕಿದರು ಎನ್ನುವುದನ್ನಲ್ಲ. ಮನೆಯವರೂ ಮರೆಯ ಹತ್ತಿರ ನಿಲ್ಲಬಾರದು. ಕಣ್ಣು ಕಾಣದವರಿಗೆ, ಕೈ ಆಡದವರಿಗೆ ಮಾತ್ರ 18 ದಾಟಿದ ಒಬ್ಬರು ಸಹಾಯ ಮಾಡಬಹುದು. ಅವರೂ ಆ ಗುಟ್ಟು ಕಾಯಬೇಕು. ನಾನು ಅಭ್ಯಾಸದಿಂದ ಅಜ್ಜಿಯ ಕುರ್ಚಿ ಹಿಂದೆ ನಿಂತಿದ್ದೆ. "ನೀನು ಅಂಗಳಕ್ಕೆ ಹೋಗು, ನನ್ನ ವೋಟು ನಾನು ಹಾಕ್ತೇನೆ" ಅಂದರು. ಹೋಗಿ ಹಪ್ಪಳ ತಿರುವಿ ಹಾಕಿದೆ.

ಕೆಲಸದಲ್ಲಿ ಇರುವವರಿಗೆ

ಮತದಾನದ ದಿನ ರಜೆ ಸಿಗದ ಅಗತ್ಯ ಸೇವೆಯವರಿಗೂ ಇದೇ ಫಾರಂ 12ಡಿ. ಯಾವ ಯಾವ ಇಲಾಖೆ ಎಂದು ಆಯೋಗ ಪ್ರತಿ ಚುನಾವಣೆಗೂ ಪಟ್ಟಿ ಕೊಡುತ್ತದೆ. ಇಲಾಖೆಯ ನೋಡಲ್ ಅಧಿಕಾರಿ, ಅಂದರೆ ಈ ಕೆಲಸಕ್ಕೆ ನೇಮಿಸಿದವರು, ಅರ್ಜಿಗೆ ಸಹಿ ಹಾಕಬೇಕು. ಇವರ ಮನೆಗೆ ಯಾರೂ ಬರುವುದಿಲ್ಲ. ಅಂಚೆ ಮತದಾನ ಕೇಂದ್ರ ಮೂರು ದಿನ ತೆರೆದಿರುತ್ತದೆ, ಬೆಳಿಗ್ಗೆ 9ರಿಂದ ಸಂಜೆ 5ರವರೆಗೆ. ಅಲ್ಲಿಗೆ ಹೋಗಿ ಮತ ಹಾಕಬೇಕು.

ಚುನಾವಣೆ ಡ್ಯೂಟಿಯ ಶಿಕ್ಷಕರು, ಸಿಬ್ಬಂದಿ ಬೇರೆ ಕ್ಷೇತ್ರದಲ್ಲಿ ಕೆಲಸ ಬಿದ್ದರೆ ಫಾರಂ 12 ಕೊಡಬೇಕು. ಮತ ಹಾಕುವುದು ಡ್ಯೂಟಿಯವರಿಗೆಂದು ತೆರೆಯುವ ಸೌಲಭ್ಯ ಕೇಂದ್ರದಲ್ಲೇ, ಮತಪತ್ರವನ್ನು ಮನೆಗೆ ತರುವಂತಿಲ್ಲ. ಸ್ವಂತ ಕ್ಷೇತ್ರದೊಳಗೇ ಡ್ಯೂಟಿಯಾದರೆ ಫಾರಂ 12ಎ. ಆಗ ಕೆಲಸ ಮಾಡುವ ಬೂತಿನಲ್ಲೇ ಯಂತ್ರದಲ್ಲಿ ವೋಟು ಹಾಕಬಹುದು. ಸೈನಿಕರಿಗೆ ಮತಪತ್ರ ಆನ್‌ಲೈನಿನಲ್ಲಿ ಹೋಗುತ್ತದೆ. ತುಂಬಿ ಅಂಚೆಗೆ ಹಾಕಿದ್ದು ಎಣಿಕೆಯ ದಿನ ಬೆಳಿಗ್ಗೆ 8ರ ಒಳಗೆ ತಲುಪಬೇಕು.

ಯಾರಿಗೆ ಇಲ್ಲ

ಇದನ್ನೂ ಸ್ಪಷ್ಟವಾಗಿ ಹೇಳಬೇಕು. ನಮ್ಮ ದಕ್ಷಿಣ ಕನ್ನಡ, ಉಡುಪಿ ಜಿಲ್ಲೆಗಳಲ್ಲಿ ಹೊರಗೆ ದುಡಿಯುವವರು ತುಂಬ ಜನ. ದುಬೈ, ಮಸ್ಕತ್, ಕುವೈತಿನಲ್ಲಿ ಇರುವವರಿಗೆ ಅಂಚೆ ಮತ ಇಲ್ಲ. ಫಾರಂ 6ಎ ಮೂಲಕ ಹೆಸರು ಸೇರಿಸಬಹುದು, ಆದರೆ ಪಾಸ್‌ಪೋರ್ಟ್ ಹಿಡಿದು ತಮ್ಮ ಊರಿನ ಬೂತಿಗೇ ಬರಬೇಕು. ಮುಂಬೈ, ಬೆಂಗಳೂರಿನಲ್ಲಿ ಇದ್ದು ಊರಿನ ಪಟ್ಟಿಯಲ್ಲಿ ಹೆಸರಿರುವವರೂ ಊರಿಗೇ ಬರಬೇಕು. ರೈಲು, ಬಸ್ಸಿನ ಟಿಕೆಟನ್ನು ದಿನಾಂಕ ಘೋಷಣೆಯಾದ ದಿನವೇ ಮಾಡಿಸಿಬಿಡಿ. ಮಲ್ಪೆ, ಮಂಗಳೂರಿನ ದಕ್ಕೆಯಿಂದ ಆಳಸಮುದ್ರಕ್ಕೆ ಹೋಗುವ ಮೀನುಗಾರರಿಗೂ ಪ್ರತ್ಯೇಕ ಅವಕಾಶ ಇಲ್ಲ. ಬೋಟು ಹತ್ತು ದಿನಕ್ಕೆ ಹೊರಡುವುದಾದರೆ ಮತದಾನದ ದಿನ ನೋಡಿಕೊಂಡೇ ಹೊರಡಬೇಕು. ಕಾಲು ಮುರಿದು ಮಲಗಿದ 50 ವರ್ಷದವರಿಗೂ ಮನೆಮತ ಇಲ್ಲ. ಇದು ನನಗೆ ಸರಿ ಅನ್ನಿಸುವುದಿಲ್ಲ. ಸಮುದ್ರದಲ್ಲಿ ಇರುವವರಿಗೆ, ಆಸ್ಪತ್ರೆಯಲ್ಲಿ ಇರುವವರಿಗೆ ಒಂದು ದಾರಿ ಮಾಡಲೇಬೇಕು. ಆದರೆ ಈಗ ಇರುವ ನಿಯಮ ಇಷ್ಟೇ.

ಹಾಕಿದ ಮತ ಎಲ್ಲಿಗೆ ಹೋಗುತ್ತದೆ?

ತಂಡ ತೆಗೆದುಕೊಂಡು ಹೋದ ಲಕೋಟೆಗಳು ಚುನಾವಣಾಧಿಕಾರಿಯ ಸುಪರ್ದಿಯಲ್ಲಿ ಭದ್ರವಾಗಿ ಇರುತ್ತವೆ. ಎಣಿಕೆಯ ದಿನ ಬೆಳಿಗ್ಗೆ 8 ಗಂಟೆಗೆ ಎಲ್ಲಕ್ಕಿಂತ ಮೊದಲು ಕೈಗೆತ್ತಿಕೊಳ್ಳುವುದು ಅಂಚೆ ಮತಗಳನ್ನೇ. ಯಂತ್ರಗಳ ಎಣಿಕೆ ಶುರುವಾಗುವುದು ಅರ್ಧ ಗಂಟೆ ಕಳೆದು.

2024ರ ಜೂನ್ 4ರಂದು ಅಜ್ಜಿ ಬೆಳಿಗ್ಗೆ ಬೇಗ ಗಂಜಿ ಊಟ ಮುಗಿಸಿ, ಎಂಟಾಗುವ ಮೊದಲೇ ಟಿವಿ ಹಾಕಿಸಿದರು. ವಾರ್ತೆಯವರು ಅಂಚೆ ಮತ ಎಣಿಕೆ ಶುರುವಾಗಿದೆ ಅಂದ ಕೂಡಲೇ ನನ್ನ ಕಡೆ ತಿರುಗಿದರು. "ಈಗ ನನ್ನದು ಬಿಚ್ತಾರಲ್ವಾ?"

ಹೌದಜ್ಜಿ, ಅಂದೆ.