ಕಡಲನೀರು ಸಿಹಿ ಮಾಡುವ ಸ್ಥಾವರ: ಪರಿಸರ ವರದಿಯಲ್ಲಿ ಏನು ನೋಡಬೇಕು?

ಕಾಸರಗೋಡು ಜಿಲ್ಲೆಯ ಮಂಜೇಶ್ವರ, ಕುಂಬಳೆ ಕಡೆಗೆ ಇಂಥ ಪ್ರಸ್ತಾಪ ಬಂದರೆ ವರದಿಯಲ್ಲಿ ಮೊದಲು ಹುಡುಕಬೇಕಾದ್ದು ಹೊರಬಿಡುವ ಉಪ್ಪುನೀರಿನ ಲೆಕ್ಕ. 100 ಲೀಟರ್ ಕಡಲನೀರಲ್ಲಿ ಸುಮಾರು 3.5 ಕಿಲೋ ಉಪ್ಪಿರುತ್ತದೆ. 40 ಲೀಟರ್ ಸಿಹಿನೀರು ತೆಗೆದರೆ ಆ ಉಪ್ಪೆಲ್ಲ ಉಳಿದ 60 ಲೀಟರಲ್ಲೇ ಸೇರುತ್ತದೆ: ಲೀಟರಿಗೆ ಸುಮಾರು 58 ಗ್ರಾಂ. ಈ ನೀರು ಭಾರ. ಕಲಕಿ ಬೆರೆಯದಿದ್ದರೆ ತಳದಲ್ಲೇ ಹಾಸಿಕೊಂಡು ಮರುವಾಯಿ (ಚಿಪ್ಪಿನ ಜೀವಿ), ಏಡಿಗಳಿಗೆ ಕುತ್ತು ತರುತ್ತದೆ. ಹಾಗಾಗಿ ಕೊಳವೆಯ ತುದಿ ದಡದಿಂದ ಎಷ್ಟು ದೂರ, ಎಷ್ಟು ಆಳ, ನೀರನ್ನು ಹಲವು ಬಾಯಿಗಳಿಂದ ಚಿಮ್ಮಿಸುತ್ತಾರೋ ಇಲ್ಲವೋ ಕೇಳಿ.

ಅಳತೆ ಮಾಡಿದ ತಿಂಗಳನ್ನೂ ನೋಡಿ. ಮಳೆಗಾಲದ ಅಬ್ಬರದಲ್ಲಿ ಉಪ್ಪು ಬೇಗ ಬೆರೆಯುತ್ತದೆ. ಮಾರ್ಚ್–ಏಪ್ರಿಲ್‌ನ ಶಾಂತ ಕಡಲಿನ ಅಂಕಿ ಇಲ್ಲದ ವರದಿಯನ್ನು ಒಪ್ಪಲೇಬೇಡಿ.

ನೀರು ಹೀರುವ ವೇಗ ಸೆಕೆಂಡಿಗೆ 15 ಸೆಂ.ಮೀ. ಒಳಗಿರಲಿ, ಹೆಚ್ಚಾದರೆ ಮೀನುಮರಿಗಳು ಜಾಲರಿಗೆ ಅಂಟಿ ಸಾಯುತ್ತವೆ. ಕರೆಂಟು 1000 ಲೀಟರ್ ಸಿಹಿನೀರಿಗೆ 3–4 ಯೂನಿಟ್ ಬೇಕು.

ಚೆನ್ನೈಯ ಮೀಂಜೂರಿಗೆ ದಿನಕ್ಕೆ 10 ಕೋಟಿ ಲೀಟರಿನ ಸ್ಥಾವರ ಬಂತು, ಅಲ್ಲಿನ ಬರ ಬೇರೆ. ವರ್ಷಕ್ಕೆ 3000 ಮಿ.ಮೀ. ದಾಟಿ ಮಳೆ ಸುರಿಯುವ ಕಾಸರಗೋಡಿನಲ್ಲಿ ಕಟ್ಟ (ತೋಡಿಗೆ ಹಾಕುವ ಒಡ್ಡು), ಮದಕ (ಮಳೆನೀರು ನಿಲ್ಲಿಸುವ ಕೆರೆ), ಸುರಂಗಗಳಿಂದ (ನೀರಿಗಾಗಿ ಗುಡ್ಡದೊಳಕ್ಕೆ ಅಡ್ಡವಾಗಿ ಕೊರೆದ ಬಿಲ) ಎಷ್ಟು ನೀರು ಸಿಗುತ್ತದೆ ಎಂಬ ಹೋಲಿಕೆ ವರದಿಯಲ್ಲಿ ಇರಲೇಬೇಕು. ಇಲ್ಲದಿದ್ದರೆ ಆಕ್ಷೇಪವನ್ನು ಪುಟಸಂಖ್ಯೆ ಸಹಿತ ಬರೆದುಕೊಟ್ಟು ಸ್ವೀಕೃತಿ ಪಡೆಯಿರಿ.