ಉಳಿಯಿಂದ ಹಾರಿದ ಚಕ್ಕೆ

ಮುನಿರಾಬಾದಿನ ಹಳೆಯ ಮನೆಯೊಂದರ ಅಟ್ಟದಿಂದ ಇಳಿಸಿದ ಟ್ರಂಕನ್ನು ತೆರೆದಾಗ ಮೂಗಿಗೆ ಬಡಿದದ್ದು ವಿನೆಗರಿನ ಹುಳಿ ವಾಸನೆ. ತುಕ್ಕು ಹಿಡಿದ ಡಬ್ಬಿಯೊಳಗೆ ನೂರು ಅಡಿಯ 16 ಎಂ.ಎಂ. ಕಪ್ಪು-ಬಿಳುಪು ರೀಲು. ತುಂಗಭದ್ರಾ ಅಣೆಕಟ್ಟು ಕಟ್ಟುವಾಗ ಆ ಮನೆಯ ಯಜಮಾನರು ಅಲ್ಲಿ ಎಂಜಿನಿಯರ್. 1953ರಲ್ಲಿ ಜಲಾಶಯಕ್ಕೆ ನೀರು ಬರುವ ಮೊದಲೇ ಸ್ವಂತ ಕ್ಯಾಮೆರಾದಲ್ಲಿ ಚಿತ್ರೀಕರಿಸಿದ್ದರು. ಎಡದಂಡೆ ಕಾಲುವೆಯ ಬಗ್ಗೆ ನಾವು ಮಾಡುತ್ತಿದ್ದ ಸಾಕ್ಷ್ಯಚಿತ್ರಕ್ಕೆ ಮನೆಯವರು ಅದನ್ನು ಒಪ್ಪಿಸಿದರು.

ಆ ವಾಸನೆ ಬಂದರೆ ಅಸಿಟೇಟ್ ಎಂಬ ಪ್ಲಾಸ್ಟಿಕ್ಕಿನ ಫಿಲ್ಮ್ ಕೊಳೆಯುತ್ತಿದೆ ಎಂದೇ ಅರ್ಥ. ಹೊರಬರುವ ಆಮ್ಲವೇ ಕೊಳೆಯುವಿಕೆಗೆ ವೇಗ ಕೊಡುತ್ತದೆ. ಮುಚ್ಚಿದ ಡಬ್ಬಿ, ಕೊಪ್ಪಳದ ಬೇಸಿಗೆ ಎರಡೂ ಸೇರಿದರೆ ಕೇಳುವುದೇ ಬೇಡ. ಪ್ರೊಜೆಕ್ಟರಿಗೆ ಹಾಕಿ ನೋಡೋಣ ಎಂದವರನ್ನು ತಡೆದೆ. ಹೊಸ ಫಿಲ್ಮಿನ ಪಕ್ಕದಲ್ಲಿಟ್ಟು ಅಂಚಿನ ನೂರು ರಂಧ್ರಗಳನ್ನು ಎಣಿಸಿದರೆ ನಮ್ಮದು ಒಂದು ರಂಧ್ರದಷ್ಟು ಗಿಡ್ಡವಾಗಿತ್ತು. ಅಂದರೆ ಶೇ 1ರಷ್ಟು ಕುಗ್ಗಿದೆ. ಪ್ರೊಜೆಕ್ಟರಿನ ಹಲ್ಲಿಗೆ ಸಿಕ್ಕಿದರೆ ಹರಿಯಬಹುದು. ಗಾಳಿಯಾಡುವ ಪ್ಲಾಸ್ಟಿಕ್ ಡಬ್ಬಿಗೆ ಸಡಿಲವಾಗಿ ಸುತ್ತಿ, ಹಗಲಿನ ಬಿಸಿಲು ತಪ್ಪಿಸಲು ರಾತ್ರಿಯ ಹಂಪಿ ಎಕ್ಸ್‌ಪ್ರೆಸ್‌ನಲ್ಲಿ ಮಡಿಲಲ್ಲಿಟ್ಟುಕೊಂಡೇ ಬೆಂಗಳೂರಿಗೆ ಒಯ್ದೆ. ಹಲ್ಲುಚಕ್ರವಿಲ್ಲದೆ ರೋಲರ್ ಮೇಲೆ ಓಡುವ ಸ್ಕ್ಯಾನರಿನಲ್ಲಿ ಸುಮಾರು 4,000 ಫ್ರೇಮುಗಳೂ ಬಂದವು.

ಮೊದಲು ವೇಗದ ಪ್ರಶ್ನೆ. ಸೆಕೆಂಡಿಗೆ 25 ಫ್ರೇಮಿನಂತೆ ಓಡಿಸಿದರೆ ತಲೆಯ ಮೇಲೆ ಗಾರೆಯ ಬುಟ್ಟಿ ಹೊತ್ತ ಹೆಂಗಸರು ಓಡುತ್ತಿದ್ದರು. ಭಾರ ಹೊತ್ತವರು ಹಾಗೆ ನಡೆಯುವುದಿಲ್ಲ. 16ಕ್ಕೆ ಇಳಿಸಿದಾಗ ಹೆಜ್ಜೆ ಸರಿಯಾಯಿತು. 2 ನಿಮಿಷ 40 ಸೆಕೆಂಡಿನ ರೀಲು 4 ನಿಮಿಷ 10 ಸೆಕೆಂಡಿಗೆ ಹಿಗ್ಗಿತು. ಈಗಿನ ಅಗಲ ಪರದೆ ತುಂಬಲೆಂದು ಮೇಲೆ ಕೆಳಗೆ ಕತ್ತರಿಸುವ ಮಾತೂ ಬಂತು. ಕತ್ತರಿಸಿದರೆ ಬುಟ್ಟಿಗಳೇ ಹೋಗುತ್ತಿದ್ದವು, ನಾನು ಒಪ್ಪಲಿಲ್ಲ.

ನನ್ನ ತಪ್ಪು ನಡೆದದ್ದು ಧೂಳು ತೆಗೆಯುವಾಗ. ಇಡೀ ರೀಲನ್ನು ಸಾಫ್ಟ್‌ವೇರಿಗೆ ಒಪ್ಪಿಸಿದೆ. ಒಂದೇ ಫ್ರೇಮಿನಲ್ಲಿ ಕಂಡು ಮುಂದಿನದರಲ್ಲಿ ಇಲ್ಲದ ಚುಕ್ಕೆಯೆಲ್ಲ ಅದರ ಲೆಕ್ಕದಲ್ಲಿ ಧೂಳು. ಚಿತ್ರ ಕನ್ನಡಿಯಂತಾಯಿತು, ನನಗೂ ಹಿಗ್ಗು. ಗಂಗಾವತಿಯ ಕಡೆಯ ಹಿರಿಯ ಕಲ್ಲುಕುಟಿಗರೊಬ್ಬರಿಗೆ ತೋರಿಸಿದೆ. ಸುತ್ತಿಗೆ ಬೀಳುವ ದೃಶ್ಯದಲ್ಲಿ ಅವರು ಕೇಳಿದರು: “ಚಕ್ಕೆಯೇ ಏಳುತ್ತಿಲ್ಲವಲ್ಲ ಸರ್, ಇದು ಕಲ್ಲೋ ಬೆಣ್ಣೆಯೋ?”

ಮುಟ್ಟದೆ ಇಟ್ಟಿದ್ದ ಮೂಲ ಸ್ಕ್ಯಾನ್ ಇದ್ದುದರಿಂದ ಬಚಾವಾದೆ. ರೀಲು ನೆಗೆಟಿವ್ ಇಲ್ಲದ ರಿವರ್ಸಲ್ ಫಿಲ್ಮ್, ಅಂದರೆ ಕ್ಯಾಮೆರಾದಲ್ಲಿ ಓಡಿದ ಫಿಲ್ಮೇ ನೋಡುವ ಚಿತ್ರವಾಗುವಂಥದ್ದು. ಅದರ ಮೇಲಿನ ಧೂಳು ಬೆಳಕನ್ನು ತಡೆದು ಕಪ್ಪಗೆ ಕಾಣುತ್ತದೆ. ಬಿಸಿಲಿಗೆ ಹೊಳೆದ ಚಕ್ಕೆ ಬಿಳಿ. ಆ ಗುರುತು ಹಿಡಿದು 40 ಸೆಕೆಂಡಿನ ಆ ದೃಶ್ಯದ 640 ಫ್ರೇಮುಗಳನ್ನೂ ಕೈಯಾರೆ ತಿದ್ದಿದೆ: ಕಪ್ಪು ಚುಕ್ಕೆ ತೆಗೆದೆ, ಬಿಳಿಯದನ್ನು ಬಿಟ್ಟೆ. ಉದ್ದುದ್ದದ ಗೀರುಗಳನ್ನೂ ಹಾಗೆಯೇ ಉಳಿಸಿದೆ.

ಮತ್ತೆ ಆ ಕಲ್ಲುಕುಟಿಗರ ಮನೆಗೆ ಹೋದೆ. ಪರದೆಯಲ್ಲಿ ಸುತ್ತಿಗೆ ಬಿದ್ದು ಚಕ್ಕೆ ಸಿಡಿದ ಕ್ಷಣಕ್ಕೆ ಅವರು ಕಣ್ಣು ಕಿರಿದು ಮಾಡಿ ಮುಖವನ್ನು ಪಕ್ಕಕ್ಕೆ ಹೊರಳಿಸಿಕೊಂಡರು.